ಕೊಸರಿನ ತೂಕ

ವಿಮಾನ ಕಂಪನಿಯ ದೊಡ್ಡ ಕುರ್ಚಿಯಲ್ಲಿ ಕೂತ ಮೇಲೆ ಹೊಸ ಹುಡುಗರು ನನ್ನನ್ನು ಮೆಲ್ಲಗೆ ಕೇಳುವ ಪ್ರಶ್ನೆ ಒಂದೇ ಇರುತ್ತಿತ್ತು: 'ಸರ್, ತಾವು ಇದನ್ನೆಲ್ಲ ಎಲ್ಲಿ ಕಲಿತಿರಿ?' ಹಳಿಯಾಳದ ಭತ್ತ-ಅಕ್ಕಿಯ ಅಡತಿ ಅಂಗಡಿಯಲ್ಲಿ ಅಂದರೆ ನಗುತ್ತಿದ್ದರು. ನಾನೂ ನಗುತ್ತಿದ್ದೆ. ನಾನು ನಿಜ ಹೇಳಿದ್ದೆ, ಅವರು ನಂಬಿರಲಿಲ್ಲ, ಅಷ್ಟೇ ವ್ಯತ್ಯಾಸ.

ಪಾಳಾ ಅನ್ನುವ ಹಳ್ಳಿಯ ನಮ್ಮ ಮನೆಯಲ್ಲಿ ಭತ್ತಕ್ಕೆ ಕಡಿಮೆ ಇರಲಿಲ್ಲ. ಶಾಲೆಯ ಮೇಲೆ ನನಗೆ ಮನಸ್ಸು ಕಡಿಮೆ ಇತ್ತು. ಐದನೆಯ ಇಯತ್ತೆ ಮುಗಿದ ಬೇಸಿಗೆಯಲ್ಲಿ ಅಪ್ಪ ಭತ್ತದ ಲಾರಿಯ ಜೊತೆ ಹಳಿಯಾಳಕ್ಕೆ ಹೊರಟಾಗ ನಾನೂ ಚೀಲಗಳ ಮೇಲೆ ಹತ್ತಿ ಕೂತೆ. ಅಪ್ಪ ತಿರುಗಿ ಊರಿಗೆ ಹೋದರು, ನಾನು ಹೋಗಲಿಲ್ಲ. ಅಂಗಡಿಯ ಸಾವಕಾರರು ದೂರದ ಬಳಗ. 'ಇರಲಿ ಬಿಡ್ರಿ, ತಕ್ಕಡಿ ಹಿಡೀಲಿ' ಅಂದರು. ಹಿಡಿದೆ. ಎಂಟು ವರ್ಷ ಬಿಡಲಿಲ್ಲ.

ತಕ್ಕಡಿ ಹಿಡಿಯುವುದು ಅಂದರೆ ಜನ ತಿಳಿದುಕೊಂಡಷ್ಟು ಸಸಾರ ಕೆಲಸ ಅಲ್ಲ. ಮೊದಲ ತೂಕಕ್ಕೆ 'ಒಂದು' ಅನ್ನಬಾರದು, 'ಲಾಭ' ಅನ್ನಬೇಕು. ಮುಳ್ಳು ನಿಂತ ಮೇಲೆ ಕೈ ನಡುಗಬಾರದು. ಎಲ್ಲಕ್ಕಿಂತ ಹೆಚ್ಚಿಗೆ, ತೂಕ ಸರಿಯಾದ ಮೇಲೆ ಒಂದು ಬೊಗಸೆ ಕೊಸರು ಹಾಕಲೇಬೇಕು. ಕೊಸರಿಲ್ಲದೆ ಕೊಟ್ಟ ಮಾಲು ಕೊಟ್ಟ ಹಾಗೆ ಅಲ್ಲ, ಮುಖದ ಮೇಲೆ ಒಗೆದ ಹಾಗೆ. ಕೊಳ್ಳುವವರ ಕಣ್ಣು ಮುಳ್ಳಿನ ಮೇಲೆ ಇರುತ್ತಿರಲಿಲ್ಲ, ನನ್ನ ಬೊಗಸೆಯ ಮೇಲೆ ಇರುತ್ತಿತ್ತು.

ಎಂಟು ವರ್ಷದಲ್ಲಿ ನನ್ನ ಕಣ್ಣೇ ತಕ್ಕಡಿ ಆಯಿತು. ಚೀಲದ ಮೂಲೆ ಹಿಡಿದು ಒಮ್ಮೆ ಎತ್ತಿದರೆ ಸಾಕು, ಇಷ್ಟೇ ಅಂತ ಹೇಳುತ್ತಿದ್ದೆ. ಸಾವಕಾರರು ಸಂತೆಯ ದಿನ ಬಂದ ವ್ಯಾಪಾರಿಗಳ ಎದುರು ನನ್ನನ್ನು ನಿಲ್ಲಿಸಿ, 'ಇವರ ಕುಂಬಳಕಾಯಿ ಎಷ್ಟೈತಿ ಹೇಳೋ' ಅನ್ನುತ್ತಿದ್ದರು. ನಾನು ಹೇಳಿದ್ದು ತಪ್ಪುತ್ತಿರಲಿಲ್ಲ. ಇದನ್ನು ಬಡಾಯಿ ಅಂದರೂ ಅನ್ನಿ. ದುಡಿದು ಬಂದ ಬಡಾಯಿ.

ಆ ಹೊತ್ತಿಗೆ ದಾಂಡೇಲಿಯಲ್ಲಿ ಕಾಗದದ ಗಿರಣಿ ಎದ್ದು ಬಂಗೂರನಗರದ ಕಡೆ ಸಾಲುಸಾಲು ಕ್ವಾರ್ಟರ್ಸ್ ಆಗಿದ್ದವು. ಅಲ್ಲಿನ ಕ್ಯಾಂಟೀನಿಗೆ ನಮ್ಮ ಅಂಗಡಿಯ ಅಕ್ಕಿ. ಲಾರಿಯ ಜೊತೆ ನಾನು ಹೋಗುತ್ತಿದ್ದೆ. ಅಂಬೇವಾಡಿಯ ಆಚೆ ಮೈದಾನದಲ್ಲಿ ಮುಂಬಯಿಯ ಒಂದು ಸಣ್ಣ ಕಂಪನಿ ವಾರಕ್ಕೆ ಎರಡು ಸಲ ಎಂಟು ಸೀಟಿನ ವಿಮಾನ ಇಳಿಸುತ್ತಿತ್ತು. ಮುಖ್ಯವಾಗಿ ಯಂತ್ರದ ಬಿಡಿಭಾಗಗಳಿಗೆ ಮತ್ತು ಅಧಿಕಾರಿಗಳಿಗೆ, ಸೀಟು ಉಳಿದರೆ ದುಡ್ಡು ಕೊಟ್ಟ ಯಾರಿಗಾದರೂ. ಒಮ್ಮೆ ವಿಮಾನ ನೋಡಿಕೊಂಡು ಹೋಗೋಣ ಅಂತ ಅತ್ತ ಹೋದೆ. ಅಲ್ಲಿ ತೂಕದ ಕಾಟಾ ಕೆಟ್ಟು ನಿಂತಿತ್ತು. ಒಂದು ಕಟ್ಟಿಗೆಯ ಪೆಟ್ಟಿಗೆಯ ಸುತ್ತ ಕಂಪನಿಯ ಆಫೀಸರು ತಲೆ ಕೆರೆದುಕೊಳ್ಳುತ್ತ ತಿರುಗುತ್ತಿದ್ದರು. ಧಾರವಾಡದ ಬಿ.ಎ., ಯಾವಾಗಲೂ ಕೈಯಲ್ಲೊಂದು ಬೀಸಣಿಗೆ. ನಾನು ಪೆಟ್ಟಿಗೆಯ ಮೂಲೆ ಎತ್ತಿ ನೋಡಿ, 'ಎಪ್ಪತ್ತೆರಡು ಕಿಲೋ ಐತ್ರಿ' ಅಂದೆ.

'ನೀ ಯಾರೋ?'

'ಅಕ್ಕಿ ಲಾರಿಯವ್ರಿ.'

ಆಮೇಲೆ ಗಿರಣಿಯ ಕಾಟಾದಲ್ಲಿ ತೂಗಿಸಿದರಂತೆ, ಎಪ್ಪತ್ತೊಂದೂವರೆ. ಮರುವಾರ ಕರೆಸಿ ಕೆಲಸ ಕೊಟ್ಟರು. ಮೂರು ತಿಂಗಳು ತಾತ್ಪೂರ್ತಿಕ, ಕೆಲಸ ಸರಿ ಕಂಡರೆ ಕಾಯಂ. 'ಕಾಯಂ ಆಗಾಕ ಮ್ಯಾಟ್ರಿಕ್ ಬೇಕು. ನಿನ್ನ ಹತ್ರ ಇಲ್ಲ. ಕ್ಯಾಪ್ಟನ್ ಸಾಹೇಬ್ರು ಬರದು ಕೊಟ್ರ ಮಾತ್ರ ಆಗತೈತಿ' ಅಂತ ಆಫೀಸರು ಮೊದಲೇ ಹೇಳಿದರು. ಪಾಳಾಕ್ಕೆ ಸುದ್ದಿ ಹೋಯಿತು. ಶಾಲೆ ಬಿಟ್ಟ ಮಗ ವಿಮಾನದ ಕೆಲಸಕ್ಕೆ ಸೇರಿದ್ದಾನೆ ಅಂತ ಅವ್ವ ಓಣಿಯ ಎಲ್ಲರಿಗೂ ಹೇಳಿಕೊಂಡು ಬಂದಳು. ಇನ್ನು ಕೆಲಸ ಹೋಯಿತು ಅಂತ ಊರಿಗೆ ಹೋಗುವ ದಾರಿ ನನಗೆ ಉಳಿಯಲಿಲ್ಲ.

ಕೆಲಸ ಇಷ್ಟು: ರಿಪೇರಿಯಾಗಿ ಬಂದ ಕಾಟಾದಲ್ಲಿ ಪ್ರಯಾಣಿಕರನ್ನು, ಅವರ ಸಾಮಾನನ್ನು ತೂಗಿ ಹಾಳೆಯಲ್ಲಿ ಬರೆಯಬೇಕು. ತಲೆಗೆ ಇಪ್ಪತ್ತು ಕಿಲೋ ಸಾಮಾನು. ಒಟ್ಟು ನೋಡಿ ಕ್ಯಾಪ್ಟನ್ ಸಹಿ ಮಾಡಿದರೆ ವಿಮಾನ ಹೊರಡುತ್ತದೆ. ಕ್ಯಾಪ್ಟನ್ ಸಾಹೇಬರು ಬೆಳಗಾವಿ ಕಡೆಯ ಮರಾಠರು, ಗಿರಿಜಾ ಮೀಸೆ, ಮಾತು ಕಡಿಮೆ. ಎಂಜಿನ್ ನೋಡಿಕೊಳ್ಳುವ ಮಿಸ್ತ್ರಿ ದಾಂಡೇಲಿಯವರೇ, ನಾವೆಲ್ಲ ಚಾಚಾ ಅನ್ನುತ್ತಿದ್ದೆವು. ಯುದ್ಧದ ಕಾಲದಲ್ಲಿ ಎಲ್ಲೋ ದೂರದ ವಿಮಾನ ನಿಲ್ದಾಣದಲ್ಲಿ ಕೈ ಪಳಗಿಸಿ ಬಂದವರು. ಕಣ್ಣು ಮುಚ್ಚಿ ಎಂಜಿನ್ನಿನ ಸದ್ದು ಕೇಳಿ, 'ಮೂರನೇ ಪ್ಲಗ್ ಕೆಮ್ಮಾಕತ್ತೈತಿ' ಅನ್ನುತ್ತಿದ್ದರು. ಬಿಚ್ಚಿ ನೋಡಿದರೆ ಹಾಗೇ ಇರುತ್ತಿತ್ತು. ನನ್ನ ಕಣ್ಣು, ಅವರ ಕಿವಿ. ನಮಗಿಬ್ಬರಿಗೂ ಬೇಗನೆ ಹೊಂದಿಕೆ ಆಯಿತು.

ಮೂರು ತಿಂಗಳು ತುಂಬಲು ಒಂದು ವಾರ ಇದ್ದಾಗ ಹಳಿಯಾಳದಿಂದ ನಮ್ಮ ಸಾವಕಾರರ ಮನೆಯವರೇ ಬಂದರು. ಮಗಳ ನಿಶ್ಚಯ ಮುಂಬಯಿಯ ಬಟ್ಟೆ ವ್ಯಾಪಾರಿಗಳ ಮನೆಯಲ್ಲಿ. ಆರು ಮಂದಿ, ಅದರಲ್ಲಿ ಮೂವರು ಹೆಂಗಸರು. ಬಾಕಿ ಎರಡು ಸೀಟಿನಲ್ಲಿ ಗಿರಣಿಯ ಒಬ್ಬ ಅಧಿಕಾರಿ ಮತ್ತು ಜೋಯಿಡಾ ಕಡೆಯ ಒಬ್ಬ ಮ್ಯಾಂಗನೀಸ್ ಗುತ್ತಿಗೆದಾರರು. ಮಂಗಳವಾರ ಬೆಳಿಗ್ಗೆ ಎಂಟಕ್ಕೆ ಹೊರಡಬೇಕಾದದ್ದು. ಇವರ ಜೀಪು ಬಂದಾಗ ಹನ್ನೊಂದು ದಾಟಿತ್ತು. ಬೇಸಿಗೆಯ ಬಿಸಿಲು ಮೈದಾನದ ಮೇಲೆ ಕುದಿಯುತ್ತಿತ್ತು. ಜೀಪಿನಿಂದ ಮೊದಲು ಇಳಿದದ್ದು ಬುಟ್ಟಿಗಳು: ಶೇಂಗಾ ಹೋಳಿಗೆ, ಕಟಕ ರೊಟ್ಟಿ, ಗುರೆಳ್ಳು ಚಟ್ನಿ. ಆಮೇಲೆ ಜನ.

ಸಾವಕಾರರ ಮನೆಯಾಕೆಯ ಸಾಮಾನು ಕಾಟಾದ ಮೇಲೆ ಇಟ್ಟೆ. ಇಪ್ಪತ್ತೈದು ತೋರಿಸಿತು.

'ಐದು ಹೆಚ್ಚಾತ್ರಿ ಅವ್ವಾರ.'

ಆಕೆ ಸೊಂಟದ ಮೇಲೆ ಕೈ ಇಟ್ಟರು. 'ಏ ತಮ್ಮಾ, ಎಂಟು ವರ್ಷ ನಮ್ಮ ಮನಿ ರೊಟ್ಟಿ ತಿಂದಿ. ಬರೇ ಮುಳ್ಳು ನೋಡಿ ತೂಗೂದು ಯಾರ ಮನ್ಯಾಗ ಕಲ್ತಿ? ಕೊಸರು ಎಲ್ಲಿ?'

ನಾಲ್ಕು ಜನರ ಎದುರು ತಕ್ಕಡಿ ಹಿಡಿದವನಿಗೆ ಕೇಳಬಾರದ ಮಾತು ಇದು. 'ಕೊಸರಿಗೇನ್ರಿ, ಐತಿ' ಅಂದು ಹಾಳೆಯಲ್ಲಿ ಇಪ್ಪತ್ತು ಬರೆದೆ. ಆಕೆಗೆ ಕೊಟ್ಟ ಮೇಲೆ ಉಳಿದ ಐವರಿಗೆ ಬಿಟ್ಟರೆ ಆಗುತ್ತದೆಯೇ? ಮನೆಯವರಿಗೆ ಮಾತ್ರ ಕೊಟ್ಟ ಅಂತ ಗುತ್ತಿಗೆದಾರರು ಅನ್ನಬಾರದಲ್ಲ? ಅವರಿಗೂ ಕೊಟ್ಟೆ. ಅಧಿಕಾರಿಗೂ ಕೊಟ್ಟೆ.

ಜನರನ್ನು ತೂಗುವ ಸರದಿ ಬಂತು. ಗಂಡಸರು ನಿಂತರು. ಸಾವಕಾರತಿ ಕಾಟಾ ನೋಡಿ ಹಿಂದೆ ಸರಿದರು. 'ನಾ ಏನು ಬೆಲ್ಲದ ಪೆಂಟೀನ? ನಿನ್ನ ಕಣ್ಣಿಗೆ ಅಂದಾಜಿಲ್ಲೇನು, ಬರ್ಕೋ.' ಅಂದಾಜು ಇತ್ತು. ಆಕೆ ಎಂಬತ್ತೆರಡು. ಆದರೆ ಅನ್ನ ಹಾಕಿದ ತಾಯಿಯ ತೂಕವನ್ನು ಪೂರ್ತಿ ಬರೆಯಲು ಕೈ ಬರಲಿಲ್ಲ. ಎಪ್ಪತ್ತು ಬರೆದೆ. ಉಳಿದ ಇಬ್ಬರು ಹೆಂಗಸರಿಗೂ ಅಷ್ಟಷ್ಟು ಮರ್ಯಾದೆ ತೋರಿಸಿದೆ. ಇಷ್ಟು ಮುಗಿದು ಕ್ಯಾಪ್ಟನ್ ಸಹಿ ಆದ ಮೇಲೆ, ಬೀಳ್ಕೊಡಲು ಬಂದ ಬಳಗದ ಹೆಂಗಸರು ಮೂವರ ಉಡಿಯಲ್ಲಿ ಅಕ್ಕಿ, ತೆಂಗಿನಕಾಯಿ, ಉತ್ತತ್ತಿ ತುಂಬಿದರು. ಬುಟ್ಟಿಗಳು ಕೈಯಲ್ಲಿ ಹೋದವು. ಕೈಯಲ್ಲಿ ಹಿಡಿದದ್ದು ಸಾಮಾನಲ್ಲ ಅಂತ ನನ್ನ ಲೆಕ್ಕ.

ಮೈದಾನದ ಮುಕ್ಕಾಲು ದಾರಿಯಲ್ಲಿ ಸುಣ್ಣ ಬಳಿದ ಒಂದು ಕಲ್ಲು ಇತ್ತು. ಪ್ರತಿ ಸಲ ವಿಮಾನದ ಗಾಲಿ ಆ ಕಲ್ಲಿನ ಹತ್ತಿರ ನೆಲ ಬಿಡುತ್ತಿತ್ತು. ಅವತ್ತು ಕಲ್ಲು ದಾಟಿತು, ಗಾಲಿ ಏಳಲಿಲ್ಲ. ಇನ್ನಷ್ಟು ಓಡಿತು, ಏಳಲಿಲ್ಲ. ನನ್ನ ಪಕ್ಕ ಚಾಚಾ ಬಾಯಿಂದ ಬೀಡಿ ತೆಗೆದು, 'ಉಠ್, ಉಠ್ ಮೇರಿ ಮಾ' ಅಂದರು. ತಂತಿ ಬೇಲಿ ಇನ್ನೇನು ಬಂತು ಅನ್ನುವಾಗ ಎದ್ದಿತು. ಆಚೆಯ ಸಾಗವಾನಿ ಗಿಡಗಳ ತಲೆ ಸವರಿಕೊಂಡು ಹೋಯಿತು. ಒಣಗಿದ ಎಲೆ ಹಾರಿದ್ದು ನಮಗೆ ಇಲ್ಲಿಂದಲೇ ಕಂಡಿತು. ಚಾಚಾ ಅಲ್ಲೇ ಕುಕ್ಕರಗಾಲಿನಲ್ಲಿ ಕೂತುಬಿಟ್ಟರು.

ಶುಕ್ರವಾರ ವಿಮಾನ ತಿರುಗಿ ಬಂತು. ಕ್ಯಾಪ್ಟನ್ ಇಳಿದವರೇ ಟೊಪ್ಪಿಗೆ ಸಹ ತೆಗೆಯದೆ ನೇರ ಚಾಚಾ ಎದುರು ನಿಂತರು.

'ಮಿಸ್ತ್ರಿ, ಎಂಜಿನ್‌ದಾಗ ದಮ್ ನಾಹೀ. ಎಂಟು ಜನ ಸಾಯೋವರು ಹೋತೇ. ನಾನು ಧರೂನ್ ಒಂಬತ್ತು.'

'ಸಾಬ್, ಎಂಜಿನ್ ಬರಾಬ್ಬರ್ ಐತ್ರಿ. ನಾ ಕೇಳೇನಿ.'

'ನಿನ್ನ ಕಾನ್ ಮುದಿ ಆಗೇತಿ.'

ಆಫೀಸರು ಬೀಸಣಿಗೆ ನಿಲ್ಲಿಸಿ ಮುಂಬಯಿಗೆ ಪತ್ರ ಬರೆಯಲು ಕೂತರು: ಬೇರೆ ಮಿಸ್ತ್ರಿ ಕಳಿಸಿ, ಇವರನ್ನು ಬಿಡಿಸುತ್ತೇವೆ. ಪತ್ರ ಮರುದಿನದ ಟಪ್ಪಾಲಿಗೆ. ಚಾಚಾ ಎರಡೂ ಎಂಜಿನ್ ಬಿಚ್ಚಿ ನೋಡಿ ಮತ್ತೆ ಜೋಡಿಸಿದರು. ಏನೂ ಸಿಗಲಿಲ್ಲ. ಕೈಯೊರೆಸಿಕೊಳ್ಳುತ್ತ ನನ್ನ ಹತ್ತಿರ ಬಂದು, 'ಬೇಟಾ, ಖರೇನ ನನ್ನ ಕಿವಿ ಹೋಗ್ಯಾವೇನೋ' ಅಂದರು. ಆ ಮಾತು ನನಗೆ ತಡೆಯಲಾಗಲಿಲ್ಲ. ತನ್ನ ಕೆಲಸದ ಮೇಲೆ ತನಗೇ ಸಂಶಯ ಬರುವುದಕ್ಕಿಂತ ಕೆಲಸ ಹೋಗುವುದು ವಾಸಿ.

ಮಂಗಳವಾರದ ಹಾಳೆ ತೆಗೆದು ಎದುರಿಗೆ ಇಟ್ಟುಕೊಂಡೆ. ಒಂದೊಂದು ಗಂಟು, ಒಂದೊಂದು ಬುಟ್ಟಿ ಕಣ್ಣಿಗೆ ತಂದುಕೊಂಡೆ. ಬರೆದದ್ದು ಎಷ್ಟು, ಇದ್ದದ್ದು ಎಷ್ಟು. ಅಂಗಡಿಯಲ್ಲಿ ಒಬ್ಬರಿಗೆ ಹಾಕಿದ ಕೊಸರು ಆ ಒಬ್ಬರ ಚೀಲದಲ್ಲಿ ಹೋಗುತ್ತಿತ್ತು. ಇಲ್ಲಿ ಎಂಟು ಜನರ ಕೊಸರು ಒಂದೇ ಚೀಲಕ್ಕೆ ಬಿದ್ದಿತ್ತು, ಆ ಚೀಲಕ್ಕೆ ರೆಕ್ಕೆ ಇದ್ದವು. ಕೂಡಿಸಿದೆ. ತೊಂಬತ್ತು ಕಿಲೋ ದಾಟಿತು. ಟಿಕೆಟ್ಟಿಲ್ಲದೆ ಒಬ್ಬ ದಪ್ಪ ಮನುಷ್ಯ ವಿಮಾನ ಹತ್ತಿದ್ದ, ಹತ್ತಿಸಿದವ ನಾನು.

ಚಾಚಾಗೆ ಹೇಳಿದೆ. ಅವರು ಮೊದಲು ನಕ್ಕರು, ಕಿವಿ ನೆಟ್ಟಗಿವೆ ಅಂತ ಗೊತ್ತಾಯಿತಲ್ಲ. ಆಮೇಲೆ ನನ್ನ ರಟ್ಟೆ ಹಿಡಿದರು. 'ಬಾಯಿ ಮುಚ್ಕೊ. ಮುಂದಿನ ವಾರ ಕಾಯಂ ಆಗಾವ ನೀ. ನಂದೇನು, ಬಸ್ ಸ್ಟ್ಯಾಂಡಿನ ಬಾಜೂಕ ಗ್ಯಾರೇಜ್ ಹಾಕ್ತೇನಿ.'

'ಲಾರಿ ಎಂಜಿನ್ ರಿಪೇರಿ ಮಾಡ್ತೀರೇನ್ರಿ, ನೀವು?'

ಸಿಟ್ಟು ಬಂದಾಗ ಚಾಚಾ ನಟ್ಟು ತಿರುಗಿಸುವ ಪಾನಾ ಒರೆಸುತ್ತಿದ್ದರು, ಈಗಲೂ ಒರೆಸತೊಡಗಿದರು.

ನಾನೇನು ಧರ್ಮರಾಯ ಅಲ್ಲ. ಕ್ಯಾಂಟೀನಿನ ತನಕ ನಡೆಯುವಷ್ಟರಲ್ಲಿ ಹತ್ತು ಸಲ ಮನಸ್ಸು ಹಿಂದೆ ಎಳೆಯಿತು. ಅವ್ವ ಓಣಿಯಲ್ಲಿ ಹೇಳಿಕೊಂಡು ತಿರುಗಿದ್ದು ಕಣ್ಣಿಗೆ ಬಂತು. ಆದರೆ ಒಂದು ಮಾತು ಗಟ್ಟಿ ಇತ್ತು. ಈ ಕೆಲಸ ಹೋದರೆ ಹಳಿಯಾಳದ ತಕ್ಕಡಿ ಇದೆ. ನನ್ನ ತೂಕ ಸುಳ್ಳು ಅಂತ ಗೊತ್ತಿದ್ದೂ ಸುಮ್ಮನಿದ್ದರೆ ಆ ತಕ್ಕಡಿ ಹಿಡಿಯಲೂ ಕೈ ಇರುವುದಿಲ್ಲ.

ಕ್ಯಾಂಟೀನಿನಿಂದ ಒಂದು ಚೀಲ ಅಕ್ಕಿ, ಮೇಲೆ ಒಂದು ಸಣ್ಣ ಗಂಟು, ಕೂಡಿ ತೊಂಬತ್ತು ಕಿಲೋ ಆಗುವಷ್ಟು ಕೇಳಿ ಕೈಗಾಡಿಯಲ್ಲಿ ತಂದೆ. ಆಫೀಸಿನ ಜಗಲಿಯ ಮೇಲೆ ಚಹಾ ಕುಡಿಯುತ್ತಿದ್ದ ಕ್ಯಾಪ್ಟನ್ ಎದುರು ಧೊಪ್ಪಂತ ಇಳಿಸಿದೆ.

'ಇದೇನು?'

'ಇದು ಮಂಗಳವಾರ ವಿಮಾನದಾಗ ಇತ್ತ್ರಿ, ಹಾಳ್ಯಾಗ ಇರಲಿಲ್ಲ. ಚಾಚಾಂದು ತಪ್ಪಿಲ್ಲ.'

ಆಫೀಸರ ಬೀಸಣಿಗೆ ಮತ್ತೆ ನಿಂತಿತು. ನಾನು ಎಲ್ಲ ಹೇಳಿದೆ: ಇಪ್ಪತ್ತೈದು, ಎಪ್ಪತ್ತು, ಬುಟ್ಟಿ, ಉಡಿ. ಕೊಸರು ಅಂದರೆ ಏನು ಅಂತ ಕ್ಯಾಪ್ಟನ್ ಕೇಳಿದರು. ಅದನ್ನೂ ಹೇಳಿದೆ. ಅವರ ಮೀಸೆಯ ಕೆಳಗೆ ಏನು ನಡೆದಿದೆ ಅಂತ ತಿಳಿಯಲಿಲ್ಲ. ಕಪ್ಪು ಕೆಳಗಿಟ್ಟು ಚೀಲವನ್ನು ಕಾಲಿನಿಂದ ನೂಕಿ ನೋಡಿದರು.

'ನಮ್ಮ ಆಯಿಸುದ್ಧಾ ಭಾಜಿವಾಲಿ ಹತ್ರ ಕೊಸರು ಅಂತ ಕೊತಂಬ್ರಿ ಹಾಂಗಽ ತಗೋತಾಳ' ಅಂದರು. ಮತ್ತೆ ದನಿ ಗಟ್ಟಿಯಾಯಿತು. 'ಉದ್ಯಾ ಬೆಳಿಗ್ಗೆ ಆರಕ್ಕ ಬಾ. ಎಂಟು ಸೀಟಿನ ತೂಕ ಚೀಲದಾಗ ತುಂಬು. ಬರಾಬ್ಬರ್ ತೂಕ. ಕೊಸರು ಹಾಕಿದ್ರ ನಿನ್ನ ಕೆಳಗ ಒಗೀತೇನಿ.'

ಬೆಳಿಗ್ಗೆ ಅಕ್ಕಿ ಚೀಲಗಳನ್ನು ಸೀಟುಗಳ ಮೇಲೆ ಪ್ರಯಾಣಿಕರ ಹಾಗೆ ಕೂರಿಸಿ ಪಟ್ಟಿ ಬಿಗಿದೆವು. ಕೊನೆಯ ಸೀಟಿಗೆ ಬರಬೇಕಾದ ಚೀಲ ತೆಗೆಸಿ ಕ್ಯಾಪ್ಟನ್ ನನ್ನನ್ನು ಹತ್ತು ಅಂದರು. 'ಮಾಲ್ ತೂಗಾವ ಒಮ್ಮೆ ಮಾಲ್ ಆಗಿ ನೋಡು.' ನನ್ನನ್ನೂ ಕಾಟಾದ ಮೇಲೆ ನಿಲ್ಲಿಸಿದರು. ಐವತ್ತೆಂಟು. ಆ ತನಕ ಜಗತ್ತನ್ನೆಲ್ಲ ತೂಗಿದ್ದ ನನಗೆ ನನ್ನ ತೂಕ ಗೊತ್ತಿರಲಿಲ್ಲ.

ವಿಮಾನ ಓಡತೊಡಗಿತು. ನಾನು ಕಿಟಕಿಗೆ ಮುಖ ಹಚ್ಚಿ ಸುಣ್ಣದ ಕಲ್ಲನ್ನೇ ಕಾಯುತ್ತಿದ್ದೆ. ಕಲ್ಲು ಬಂತು, ಅದರ ಜೊತೆಗೇ ಗಾಲಿಯ ಗಡಗಡ ನಿಂತಿತು. ನೆಲ ನಮ್ಮನ್ನು ಮೇಲಕ್ಕೆ ಬಿಟ್ಟುಕೊಟ್ಟ ಹಾಗಾಯಿತು. ಬೇಲಿ ಎಲ್ಲೋ ಕೆಳಗೆ. ಸಾಗವಾನಿ ಗಿಡಗಳು ಕೊತ್ತಂಬರಿ ಮಡಿಯಷ್ಟು. ಕಾಳಿ ಹೊಳೆ ಯಾರೋ ಒಣಹಾಕಿ ಮರೆತ ಧೋತರದ ಹಾಗೆ ಬಿದ್ದಿತ್ತು. ಗಿರಣಿಯ ಹೊಗೆ ನಮಗಿಂತ ಕೆಳಗೆ ಇತ್ತು. ದೂರದಲ್ಲಿ ಹಳಿಯಾಳದ ಗದ್ದೆಗಳು ಕಂಡವು. ಭಯ ಆಗಬೇಕಿತ್ತು, ನಗು ಬಂತು. ಅಕ್ಕಿ ಚೀಲಗಳ ನಡುವೆ ಒಬ್ಬನೇ ಕೂತು ನಕ್ಕೆ.

ಕ್ಯಾಪ್ಟನ್ ಮುಂದಿನಿಂದ ಕೂಗಿದರು: 'ಬೆಳಗಿನ ಥಂಡಿ ಗಾಳಿಯೊಳಗ ಇದು. ಅವತ್ತು ಭರ ಬಿಸಿಲು, ಮ್ಯಾಲೆ ನಿನ್ನ ಕೊಸರು. ಹಿಂದ ಆ ಹೆಂಗಸರು ಸೋಬಾನ ಹಾಡತಿದ್ರು. ಮುಂದ ನಾನು ದೇವರ ಹೆಸರು ತಗೋತಿದ್ದೆ.'

ಇಳಿದ ಮೇಲೆ ಅವರು ಮಾಡಿದ ಮೊದಲ ಕೆಲಸ ಆಫೀಸರ ಮೇಜಿನಿಂದ ಆ ಪತ್ರ ತೆಗೆದು ಹರಿದದ್ದು. ಎರಡನೆಯದು, ಚಾಚಾನ ಎದುರು ಹೋಗಿ ಟೊಪ್ಪಿಗೆ ತೆಗೆದದ್ದು. 'ಕಾನ್ ಠೀಕ್ ಆಹೇ' ಅಂದರು. ಚಾಚಾ, 'ಎಂಜಿನ್ನೂ ಠೀಕ್ ಐತ್ರಿ' ಅಂದರು. ಮೂರನೆಯದು ನನ್ನ ಸರದಿ. 'ಕಾಯಂ ಪತ್ರಕ್ಕ ಸಹಿ ಈಗ ಇಲ್ಲ. ಇನ್ನ ಮೂರು ತಿಂಗಳು. ಕೊಸರು ಬಂದ್.'

ಬಂದ್ ಅನ್ನುವುದು ಸುಲಭ. ಮುಂದಿನ ನಾಲ್ಕು ವಾರ ನಾನು ಪಟ್ಟ ಪಾಡು ನನಗೇ ಗೊತ್ತು. 'ಏನೋ, ವಿಮಾನದವರು ಇಷ್ಟು ಜಿಪುಣರೇನು?' ಅಂತ ಬೈದು ಗಂಟು ಹೊತ್ತುಕೊಂಡು ಬಸ್ಸಿಗೆ ಹೋದವರು ಉಂಟು. ಎರಡು ಸಲ ವಿಮಾನ ಅರ್ಧ ಖಾಲಿ ಹೋಯಿತು. ಆಫೀಸರು, 'ತೂಕ ಬರಾಬ್ಬರ್ ಆತು, ಜನಾನ ಇಲ್ಲ' ಅಂತ ನನಗೇ ಬೀಸಣಿಗೆ ತಿರುಗಿಸಿದರು.

ಆಗ ಹೊಳೆಯಿತು. ಹೊಸ ಫಲಕ ಬರೆಸಿದೆ: ತಲೆಗೆ ಹದಿನೆಂಟು ಕಿಲೋ. ಇಪ್ಪತ್ತು ಅಂತ ಇದ್ದ ಹಳೆಯದನ್ನು ಒಲೆಗೆ ಹಾಕಿದೆ. ಹಾಳೆಯಲ್ಲಿ ಮಾತ್ರ ಮೊದಲೇ ಇಪ್ಪತ್ತು ಬರೆದಿಡುತ್ತಿದ್ದೆ. ಹದಿನೆಂಟು ತೂಕ, ಎರಡು ಕೊಸರು. ಕಾಟಾವನ್ನು ನೆಲದಲ್ಲಿ ಹೂತು ಮೇಲೆ ಜಮಖಾನ ಹಾಸಿದೆವು, ಮುಳ್ಳು ಮೇಜಿನ ಈಚೆ ನನ್ನ ಕಡೆ. ಟಿಕೆಟ್ ತೋರಿಸಲು ನಿಂತವರ ತೂಕ ಕೇಳದೆಯೇ ಬಂತು. ಉಡಿ ತುಂಬುವ ಶಾಸ್ತ್ರ ತೂಕಕ್ಕೆ ಮೊದಲೇ ಮುಗಿಯಲಿ ಅಂತ ಜಮಖಾನದ ಆಚೆ ಜಾಗ ಮಾಡಿ ಮಣೆ ಇಟ್ಟೆ. ಬುಟ್ಟಿಯೂ ಕಾಟಾಕ್ಕೆ.

ಮೂರು ತಿಂಗಳು ತುಂಬುವ ವಾರ ಸಾವಕಾರರ ಮನೆಯವರು ಮತ್ತೆ ಬಂದರು. ಈ ಸಲ ಮದುವೆಗೇ. ಅಷ್ಟೇ ಜನ, ಬುಟ್ಟಿಗಳು ದುಪ್ಪಟ್ಟು. ಹೆಚ್ಚಿನ ಬುಟ್ಟಿ ರೈಲಿಗೆ ಹಾಕಿಸಲು ಸಾವಕಾರರು ಒಪ್ಪಿದರು. ಕ್ಯಾಪ್ಟನ್ ಎಲ್ಲೂ ಹೋಗದೆ ನನ್ನ ಮೇಜಿನ ಹಿಂದೆಯೇ ನಿಂತರು. ಅವ್ವಾರು ಫಲಕ ನೋಡಿ ಜಮಖಾನದ ಮೇಲೆ ಬಂದು ನಿಂತರು.

'ಹದಿನೆಂಟೇನೋ? ಮೊದಲ ಇಪ್ಪತ್ತಿತ್ತಲ್ಲ!'

'ಕಂಪನಿ ಬಿಗಿ ಆಗೇತ್ರಿ ಅವ್ವಾರ.'

'ಮತ್ತ ಕೊಸರು? ಅದೂ ಬಿಗಿ ಆತೇನು?'

'ನಿಮಗ ಇಲ್ಲ ಅಂದೇನ್ರಿ? ಎರಡು ಕಿಲೋ ತಗೋರಿ.'

ಆಕೆ ಗೆದ್ದವರ ಹಾಗೆ ಸೊಸೆಯ ಕಡೆ ತಿರುಗಿದರು. 'ನೋಡು, ನಮ್ಮ ಮನ್ಯಾಗ ಬೆಳದ ಹುಡುಗ.' ಮುಳ್ಳು ಎಂಬತ್ತನಾಲ್ಕು ತೋರಿಸಿತು. ಎಂಬತ್ತನಾಲ್ಕೇ ಬರೆದೆ. ಆಕೆಗೆ ತಿಳಿಯಲಿಲ್ಲ.

ತಿಳಿದದ್ದು ಸಾವಕಾರರಿಗೆ. ಅವರು ಫಲಕವನ್ನು ಒಮ್ಮೆ, ನನ್ನ ಹಾಳೆಯನ್ನು ಒಮ್ಮೆ ನೋಡಿ, ಬಗ್ಗಿ ಕಿವಿಯಲ್ಲಿ ಹೇಳಿದರು: 'ಎಂಟು ವರ್ಷ ನನ್ನ ಅಂಗಡ್ಯಾಗ ಬೊಗಸಿ ಬೊಗಸಿ ಕೊಸರು ಹಾಕಿದಿ. ಅದು ಎಲ್ಲಿಂದ ಬರತೈತಿ ಅಂತ ಒಮ್ಮೆರ ಕೇಳಿದೇನು? ಈಗ ಗೊತ್ತಾತಲ್ಲ.'

ಅಷ್ಟೂ ವರ್ಷ ನನ್ನ ಧಾರಾಳತನ ಅಂತ ತಿಳಿದು ಬೀಗಿದ ಬೊಗಸೆ, ದರದಲ್ಲಿ ಮೊದಲೇ ಕೂತಿತ್ತು.

ಕ್ಯಾಪ್ಟನ್ ಎರಡು ಗಂಟುಗಳನ್ನು ತಾವೇ ತಿರುಗಿ ತೂಗಿದರು. ಹಾಳೆಗೆ ಸಹಿ ಹಾಕಿದರು. ಆಮೇಲೆ ಅಂಗಿಯ ಕಿಸೆಯಿಂದ ಮಡಿಸಿದ ಇನ್ನೊಂದು ಕಾಗದ ತೆಗೆದು ಅದೇ ಪೆನ್ನಿನಿಂದ ಅದಕ್ಕೂ ಹಾಕಿ ನನ್ನ ಕೈಯಲ್ಲಿ ಕೊಟ್ಟು ವಿಮಾನದ ಕಡೆ ನಡೆದರು. ಶಿಕ್ಷಣ ಅನ್ನುವ ಕಡೆ ಅಡ್ಡ ಗೆರೆ ಎಳೆದಿದ್ದರು, ಅಷ್ಟೇ. ಮುಂದೆ ಮುಂಬಯಿ, ಅದರ ಮುಂದೆ ಎಲ್ಲೆಲ್ಲೋ ನಾನು ಹತ್ತಿದ ಮೆಟ್ಟಿಲುಗಳೆಲ್ಲ ಆ ಗೆರೆಯ ಮೇಲೆಯೇ ನಿಂತವು.

ಅವತ್ತು ಅದೆಲ್ಲ ಎಲ್ಲಿ ಗೊತ್ತಿತ್ತು? ಕಾಗದ ಎದೆಗೆ ಹಿಡಿದುಕೊಂಡು ಚಾಚಾನ ಪಕ್ಕ ನಿಂತೆ. ವಿಮಾನ ಓಡಿತು. ಒಳಗೆ ಹೆಂಗಸರು ಹಾಡುತ್ತಿದ್ದಿರಬೇಕು. ಇಬ್ಬರ ಕಣ್ಣೂ ಸುಣ್ಣದ ಕಲ್ಲಿನ ಮೇಲೆ. ಗಾಲಿ ನೆಲ ಬಿಟ್ಟಿತು, ಕಲ್ಲಿಗಿಂತ ನಾಲ್ಕು ಮಾರು ಮೊದಲೇ.

ಚಾಚಾ ಬೀಡಿ ಹಚ್ಚಿ ಹೊಗೆ ಬಿಟ್ಟು ನನ್ನನ್ನು ಓರೆಗಣ್ಣಿನಿಂದ ನೋಡಿದರು.

'ಇಷ್ಟು ಕಂಜೂಸ್ ಆಗಬಾರದು ಬೇಟಾ. ಆ ಸಾವಕಾರತಿ ಉಡ್ಯಾಗ ಇನ್ನೊಂದು ತೆಂಗಿನಕಾಯಿ ಹೋಗತಿತ್ತು.'